ಒಂದು ಪಟ್ಟಿಯ ಆಯುಷ್ಯ

ಕನ್ನಡ ಎಂ.ಎ. ಮಾಡಿ ಕಾಲೇಜಿನಲ್ಲಿ ಷಟ್ಪದಿ ಹೇಳಿಕೊಡುವವನಿಗೆ ಮೋಟಾರು ಯಂತ್ರದ ಗೊಡವೆಯೇಕೆ ಎಂದು ಓದುಗರು ಕೇಳಬಹುದು. ಮೊನ್ನೆಮೊನ್ನೆಯವರೆಗೆ ನಾನೂ ಹಾಗೆಯೇ ತಿಳಿದಿದ್ದೆ. ಡೀಸೆಲ್ ಹಾಕಿಸುವುದು, ವರ್ಷಕ್ಕೊಮ್ಮೆ ವಿಮೆ ಕಟ್ಟುವುದು, ಆಯುಧಪೂಜೆಯ ದಿನ ಗಾಲಿಯ ಕೆಳಗೆ ನಿಂಬೆಹಣ್ಣು ಇಡುವುದು, ಈ ಮೂರನ್ನು ತಪ್ಪದೆ ನಡೆಸಿದವನು ವಾಹನಧರ್ಮವನ್ನು ಪೂರ್ಣವಾಗಿ ಪಾಲಿಸಿದಂತೆ ಎಂಬುದು ನನ್ನ ನಂಬಿಕೆಯಾಗಿತ್ತು. ಆ ನಂಬಿಕೆಯನ್ನು ಕದಲಿಸಿದುದು ಒಂದು ಕರಿಯ ರಬ್ಬರು ಪಟ್ಟಿ.

ನಮ್ಮದು 2014ರಲ್ಲಿ ತಯಾರಾದ ಡಸ್ಟರ್ ಕಾರು. ಕೈಯಲ್ಲೊಂದು ಡಸ್ಟರ್ ಇದ್ದದ್ದು ಸಾಲದೆ ಮನೆಯ ಮುಂದೆಯೂ ಒಂದನ್ನು ತಂದು ನಿಲ್ಲಿಸಿದಿರಾ ಎಂದು ಸಹೋದ್ಯೋಗಿಗಳು ನಗುವುದುಂಟು. ಎರಡು ವರ್ಷಗಳ ಹಿಂದೆ ಮೈಸೂರಿನಲ್ಲಿಯೇ ಒಬ್ಬ ಗೃಹಸ್ಥರಿಂದ ಅದನ್ನು ಕೊಂಡೆವು. ಬಹಳ ಸಭ್ಯರು. ಕಾಫಿ ಕೊಟ್ಟು ಉಪಚರಿಸಿ, ಕಾರಿನ ಗುಣಗಾನವನ್ನೆಲ್ಲ ಮುಗಿಸಿ, ಕೊನೆಯಲ್ಲಿ, "ಟೈಮಿಂಗ್ ಬೆಲ್ಟನ್ನೂ ಹೊಸದಾಗಿ ಹಾಕಿಸಿದ್ದೇನೆ, ನಿಮಗೆ ಚಿಂತೆಯಿಲ್ಲ" ಎಂದರು. ಆ ಬೆಲ್ಟು ಎಲ್ಲಿರುತ್ತದೆ, ಏನು ಮಾಡುತ್ತದೆ ಎಂಬುದರ ಗಂಧವೂ ಇಲ್ಲದ ನಾನು "ಬಹಳ ಸಂತೋಷ" ಎಂದು ಹೇಳಿ ಹಣ ಎಣಿಸಿ ಕೊಟ್ಟು ಬಂದೆ.

ಕಳೆದ ತಿಂಗಳು ಸುಳ್ಯದಲ್ಲಿ ನನ್ನ ಭಾವಮೈದುನನ ಗೃಹಪ್ರವೇಶ. ಮಡಿಕೇರಿ ಹತ್ತಿ ಸಂಪಾಜೆಯ ಘಾಟಿ ಇಳಿದು ಹೋಗಬೇಕು. ಹೊರಡುವ ಮುನ್ನ ಎಣ್ಣೆ, ಬ್ರೇಕು ನೋಡಿಸೋಣವೆಂದು ನಮ್ಮ ಬಡಾವಣೆಯ ಗ್ಯಾರೇಜಿಗೆ ಕಾರನ್ನು ಒಯ್ದೆ. ಅಲ್ಲಿಯ ಮೇಸ್ತ್ರಿ ಮಿತಭಾಷಿ. ಕಿಲೋಮೀಟರಿನ ಲೆಕ್ಕ ನೋಡಿದ, 96,000 ದಾಟಿತ್ತು. "ಟೈಮಿಂಗ್ ಬೆಲ್ಟು ಯಾವಾಗ ಹಾಕಿಸಿದ್ದು ಸಾರ್?" ಎಂದ.

"ಹಿಂದಿನವರು ಹಾಕಿಸಿದ್ದಾರಂತೆ."

"ಚೀಟಿ ಇದೆಯಾ?"

ಚೀಟಿಯಿರಲಿಲ್ಲ. ಅವನು ಮುಂದೆ ಮಾತಾಡಲಿಲ್ಲ. ಆ ಮೌನ ನನ್ನನ್ನು ಹೆದರಿಸಿತು. ಪರೀಕ್ಷೆಯ ಕೊಠಡಿಯಲ್ಲಿ ನಾನೂ ಅದೇ ಬಗೆಯ ಮೌನವನ್ನು ಎಷ್ಟೋ ಹುಡುಗರ ಮೇಲೆ ಪ್ರಯೋಗಿಸಿದ್ದೇನೆ.

ಆ ಸಂಜೆ ಅವನಿಂದಲೂ, ಭೌತಶಾಸ್ತ್ರದ ಮಿತ್ರರೊಬ್ಬರಿಂದಲೂ ತಿಳಿದುಕೊಂಡದ್ದನ್ನು ನನಗೆ ತಿಳಿದಷ್ಟರ ಮಟ್ಟಿಗೆ ಹೇಳುತ್ತೇನೆ. ಎಂಜಿನ್ನಿನ ಒಳಗೆ ಪಿಸ್ಟನ್ನುಗಳು ಮೇಲೆ ಕೆಳಗೆ ಆಡುತ್ತವೆ. ಅವು ತಿರುಗಿಸುವುದು ಕೆಳಗಿನ ಕ್ರ್ಯಾಂಕು ದಂಡವನ್ನು. ತಲೆಯ ಮೇಲೆ ಕವಾಟಗಳಿವೆ. ಗಾಳಿಯನ್ನು ಒಳಗೆ ಬಿಡಲು ಕೆಲವು, ಹೊಗೆಯನ್ನು ಹೊರಗೆ ಬಿಡಲು ಕೆಲವು. ಅವುಗಳನ್ನು ತೆರೆಯುವುದು ಮೇಲಿನ ಕ್ಯಾಮು ದಂಡ. ಕೆಳಗಿನದು ಎರಡು ಸುತ್ತು ಬಂದಾಗ ಮೇಲಿನದು ಸರಿಯಾಗಿ ಒಂದು ಸುತ್ತು ಬರಬೇಕು. ಎಂಜಿನ್ನು ನಿಮಿಷಕ್ಕೆ 3,000 ಸುತ್ತು ತಿರುಗುವಾಗ ಒಂದೊಂದು ಕವಾಟವೂ ಸೆಕೆಂಡಿಗೆ 25 ಸಲ ತೆರೆದು ಮುಚ್ಚಿಕೊಳ್ಳುತ್ತದೆ. ಈ ಎರಡು ದಂಡಗಳನ್ನೂ ತಾಳ ತಪ್ಪದಂತೆ ಕಟ್ಟಿಹಾಕಿರುವುದೇ ಒಳಮೈಗೆ ಹಲ್ಲುಗಳಿರುವ ಆ ಪಟ್ಟಿ. ನಮ್ಮ ಎಂಜಿನ್ನಿನಲ್ಲಿ ಡೀಸೆಲ್ ಪಂಪನ್ನೂ ನೀರಿನ ಪಂಪನ್ನೂ ತಿರುಗಿಸುವುದು ಅದೇ.

ತಾಳ ತಪ್ಪಿದರೆ ಆಗುವುದೇನು? ವಠಾರದಲ್ಲಿ ಬಾಳಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಒಂದೇ ನಲ್ಲಿಯನ್ನು ಎಂಟು ಮನೆಯವರು ಬಳಸುವಾಗ ಹೊತ್ತಿನ ಕಟ್ಟು ಇರುವವರೆಗೆ ಎಲ್ಲರೂ ಸ್ನೇಹಿತರು. ಅಲ್ಲಿ ಕವಾಟಕ್ಕೂ ಪಿಸ್ಟನ್ನಿಗೂ ಇರುವ ಜಾಗ ಒಂದೇ. ಇದು ಬಂದಾಗ ಅದು ಸರಿದಿರಬೇಕು. ಡೀಸೆಲ್ ಎಂಜಿನ್ನು ಗಾಳಿಯನ್ನು ಹದಿನೈದು ಪಾಲಿಗೂ ಮೀರಿ ಹಿಂಡುವುದರಿಂದ, ಪಿಸ್ಟನ್ನು ಮೇಲೇರಿದಾಗ ತಲೆಗೂ ಅದಕ್ಕೂ ನಡುವೆ ಉಳಿಯುವ ತೆರಪು ಅತ್ಯಲ್ಪ. ಪಟ್ಟಿ ಹರಿದರೆ ಕ್ಯಾಮು ದಂಡ ನಿಂತುಬಿಡುತ್ತದೆ, ತೆರೆದ ಕವಾಟ ತೆರೆದೇ ಇರುತ್ತದೆ. ಕೆಳಗಿನ ಪಿಸ್ಟನ್ನು ಓಟದ ಭರದಲ್ಲಿ ಬಂದು ಅದನ್ನು ಗುದ್ದುತ್ತದೆ. ಕವಾಟ ಬಗ್ಗುತ್ತದೆ, ಕೆಲವೊಮ್ಮೆ ಮುರಿಯುತ್ತದೆ.

ನಮ್ಮಂಥ ಟರ್ಬೊ ಕಾರಿನಲ್ಲಿ ಅನರ್ಥ ಅಷ್ಟಕ್ಕೇ ನಿಲ್ಲದಿರಬಹುದು. ವ್ಯರ್ಥವಾಗಿ ಹೊರಹೋಗುವ ಹೊಗೆಯ ವೇಗದಿಂದ ಒಂದು ಪುಟ್ಟ ಗಾಲಿಯನ್ನು ತಿರುಗಿಸಿ, ಅದೇ ದಂಡಕ್ಕೆ ಕೂಡಿಸಿದ ಇನ್ನೊಂದು ಗಾಲಿಯಿಂದ ಎಂಜಿನ್ನಿಗೆ ಹೆಚ್ಚು ಗಾಳಿಯನ್ನು ತುರುಕುವುದೇ ಟರ್ಬೊ. ಸ್ವಿಟ್ಜರ್ಲೆಂಡಿನ ಆಲ್ಫ್ರೆಡ್ ಬ್ಯೂಕಿ 1905ರಲ್ಲಿಯೇ ಈ ಯುಕ್ತಿಗೆ ಪೇಟೆಂಟು ಪಡೆದಿದ್ದ. ಆ ಗಾಲಿ ನಿಮಿಷಕ್ಕೆ ಒಂದು ಲಕ್ಷಕ್ಕೂ ಮೀರಿ ಸುತ್ತಬಲ್ಲದು. ಮುರಿದ ಕವಾಟದ ಒಂದು ಚೂರು ಹೊಗೆಯೊಂದಿಗೆ ಹೋಗಿ ಅದಕ್ಕೆ ಬಡಿದರೆ ಅದರ ಎಸಳುಗಳ ಗತಿಯೇನೆಂದು ನೀವೇ ಊಹಿಸಿ.

ಮೊದಲು ಈ ಕೆಲಸಕ್ಕೆ ಹೆಚ್ಚಾಗಿ ಸರಪಣಿಯಿತ್ತು. ನಮ್ಮ ಹಿರಿಯರು ಓಡಿಸಿದ ಅಂಬಾಸಿಡರಿನಲ್ಲಿಯೂ ಸರಪಣಿಯೇ. ಹಲ್ಲುಪಟ್ಟಿಯಾದರೋ 1940ರ ದಶಕದಲ್ಲಿ ಅಮೆರಿಕದಲ್ಲಿ ಹೊಲಿಗೆಯಂತ್ರಕ್ಕಾಗಿ ಹುಟ್ಟಿದ್ದು. ಸೂಜಿಗೂ ಕೆಳಗಿನ ದಾರಕ್ಕೂ ಹೊತ್ತು ಹೊಂದಿಸಲು. ಮಾರಾಟದ ಕಾರಿಗೆ ಅದನ್ನು ಮೊದಲು ತಂದುದು ಜರ್ಮನಿಯ ಗ್ಲಾಸ್ 1004 ಎಂಬ ಸಣ್ಣ ಕಾರು, 1962ರಲ್ಲಿ. ಪಟ್ಟಿ ಹಗುರ, ಅಗ್ಗ. ಎಣ್ಣೆ ಬೇಡ, ಸದ್ದಿಲ್ಲ. ಈ ಕೊನೆಯ ಗುಣವೇ ಅದರ ದೋಷವೂ ಹೌದೆಂದು ನನಗೆ ತೋರುತ್ತದೆ. ಸರಪಣಿ ಮುದಿಯಾದರೆ ಸಾಮಾನ್ಯವಾಗಿ ಗೊಣಗುತ್ತದೆ; ಮನೆಯ ಹಿರಿಯರಂತೆ ಬೆಳಗಾಗುತ್ತಲೇ ಗಲಗಲವೆಂದು ಶುರುಮಾಡುತ್ತದೆ. ಪಟ್ಟಿ ಹಾಗಲ್ಲ. ಒಳಗಿನ ಗಾಜುನೂಲಿನ ಎಳೆಗಳು ಸವೆದರೂ ಹೊರಗಿನ ರಬ್ಬರು ನಗುತ್ತಲೇ ಇರುತ್ತದೆ. ಆದ್ದರಿಂದ ಅದನ್ನು ಕಣ್ಣಿನಿಂದ ಅಳೆಯುವಂತಿಲ್ಲ, ಲೆಕ್ಕದಿಂದ ಅಳೆಯಬೇಕು. ಎಂಜಿನ್ನಿಗೆ ತಕ್ಕಂತೆ ಸುಮಾರು 60,000ದಿಂದ 1,50,000 ಕಿಲೋಮೀಟರು, ಇಲ್ಲವೆ ಇಂತಿಷ್ಟು ವರ್ಷ, ಯಾವುದು ಮೊದಲೋ ಅದು ಎಂದು ಕಾರಿನ ಕೈಪಿಡಿಗಳಲ್ಲಿ ಮುದ್ರಿಸಿರುತ್ತಾರೆ. ಉತ್ತರಪತ್ರಿಕೆಯೊಂದರ ಹಿಂಬದಿಯಲ್ಲಿ ನಾನೂ ಒಂದು ಲೆಕ್ಕ ಹಾಕಿದೆ. ಗಂಟೆಗೆ ಸರಾಸರಿ 40 ಕಿಲೋಮೀಟರು, ನಿಮಿಷಕ್ಕೆ 2,000 ಸುತ್ತು ಎಂದಿಟ್ಟುಕೊಂಡರೆ, 96,000 ಕಿಲೋಮೀಟರಿಗೆ ಕ್ರ್ಯಾಂಕು ದಂಡ ಸುಮಾರು 29 ಕೋಟಿ ಸುತ್ತು ಬಂದಿರುತ್ತದೆ.

ಮೇಸ್ತ್ರಿ ಹೇಳಿದ ಖರ್ಚು ಹದಿನಾಲ್ಕು ಸಾವಿರ. ಮನೆಯಲ್ಲಿ ಆಗ ಒಟ್ಟಿಗೆ ಅಷ್ಟು ಹಣವಿದ್ದುದು ಮಗಳ ವೀಣೆಗೆಂದು ಕೂಡಿಸಿಟ್ಟ ಡಬ್ಬಿಯಲ್ಲಿ ಮಾತ್ರ. "ಹಾಕಿಸಿದ್ದೇನೆಂದು ಅವರು ಬಾಯಿಬಿಟ್ಟು ಹೇಳಿದ್ದಾರಲ್ಲ" ಎಂದು ನಾನು ವಾದ ಹೂಡಿದೆ. ನನ್ನಾಕೆ ಬ್ಯಾಂಕಿನಲ್ಲಿ ಕೆಲಸ ಮಾಡುವವಳು. ಬಾಯಿಮಾತಿಗೂ ಕಾಗದಕ್ಕೂ ಇರುವ ಅಂತರವನ್ನು ಬಲ್ಲವಳು.

"ಇತಿಹಾಸದ ಮೇಷ್ಟ್ರ ಕಾರು ಹೋದ ವರ್ಷ ನಿಂತದ್ದು ಇದರಿಂದಲೇ ಅಲ್ಲವೇನ್ರೀ?" ಎಂದಳು.

ಹೌದು, ಅದು ಇದರಿಂದಲೇ. ಬೇರೆ ಬಗೆಯ ಕಾರು. ಬದಲಾಯಿಸುವ ಗಡುವು ದಾಟಿ ಮೂವತ್ತು ಸಾವಿರ ಕಿಲೋಮೀಟರು ಓಡಿಸಿದ್ದರು. ಘಾಟಿಯ ಇಳಿಜಾರಿನಲ್ಲಿ ಒಮ್ಮೆ 'ಟಪ್' ಎಂದಿತಂತೆ. ಎಂಜಿನ್ನು ನಿಂತೊಡನೆ ಸ್ಟೀರಿಂಗು ಕಲ್ಲಾಯಿತು. ಬ್ರೇಕು ಎರಡು ಸಲ ಒತ್ತಿದ್ದಕ್ಕೆ ಓಗೊಟ್ಟು ಮೂರನೆಯ ಸಲಕ್ಕೆ ಗಟ್ಟಿಯಾಗಿ ನಿಂತಿತು. ಗುಡ್ಡದ ಬದಿಯ ಚರಂಡಿ ಅವರನ್ನು ಕಾಪಾಡಿತು. ಎಂಜಿನ್ನಿನ ತಲೆ ಬಿಚ್ಚಿ ನೋಡಿದರೆ ಕವಾಟಗಳೆಲ್ಲ ಬಗ್ಗಿದ್ದವು. ರಿಪೇರಿಯ ಖರ್ಚು ಲಕ್ಷದ ಮೇಲೆ ಹೋಯಿತು. ಅವರು ಅದನ್ನು ಸ್ಟಾಫ್ ರೂಮಿನಲ್ಲಿ ನಗುತ್ತ ಹೇಳಿದರು. ಹೇಳುವಾಗ ಚಹದ ಲೋಟ ನಡುಗುತ್ತಿದ್ದುದನ್ನು ನಾನು ನೋಡಿದ್ದೆ.

"ಹಿಂದಿನ ಸೀಟಿನಲ್ಲಿ ಕೂರುವವಳು ಅವಳೇ ಅಲ್ಲವೇ? ವೀಣೆ ಬರುವ ವರ್ಷ ಬರಲಿ" ಎಂದು ಆಕೆ ಡಬ್ಬಿ ತೆಗೆದುಕೊಟ್ಟಳು.

ಭಾನುವಾರ ಬೆಳಗ್ಗೆ ಗ್ಯಾರೇಜಿನಲ್ಲಿ ಒಂದು ಸ್ಟೂಲು ಹಾಕಿಕೊಂಡು ಕೂತೆ. ಮೊದಲು ಬ್ಯಾಟರಿಯ ತಂತಿ ಕಳಚಿದ. ಬಲಗಡೆಯ ಮುಂದಿನ ಗಾಲಿ ಬಿಚ್ಚಿದ, ಅದರೊಳಗಿನ ಮರೆಯನ್ನು ತೆಗೆದ. ಎಂಜಿನ್ನಿನ ಕೆಳಗೆ ಮರದ ತುಂಡಿಟ್ಟು ಜಾಕಿಯ ಆಸರೆ ಕೊಟ್ಟ. ಆ ಪಕ್ಕದಲ್ಲಿ ಎಂಜಿನ್ನನ್ನು ಹೊತ್ತು ನಿಂತ ಕಟ್ಟನ್ನೇ ಬಿಚ್ಚದೆ ಪಟ್ಟಿಯವರೆಗೆ ಕೈ ಹೋಗುವಂತಿಲ್ಲ! ಇದೇ 1.5 ಲೀಟರಿನ ಎಂಜಿನ್ನು ಮಹೀಂದ್ರದ ವೆರಿಟೊದಿಂದ ಹಿಡಿದು ಯೂರೋಪಿನ ಮರ್ಸಿಡಿಸಿನವರೆಗೆ ನಾನಾ ಕಾರುಗಳಲ್ಲಿ ಕೂತಿದೆಯಂತೆ. ಎಲ್ಲಿ ಕೂತರೂ ಮೂಲೆಗೆ ಒತ್ತಿಕೊಂಡೇ ಕೂತಿರಬೇಕು.

ಆಮೇಲೆ ಅವನು ಮಾಡಿದ ಕೆಲಸ ನನ್ನ ಮನಸ್ಸಿನಲ್ಲಿ ನಿಂತಿದೆ. ಎಂಜಿನ್ನನ್ನು ಕೈಯಿಂದ ಮೆಲ್ಲಗೆ ತಿರುಗಿಸಿ, ಮೇಲಿನ ಚಕ್ರದಲ್ಲಿರುವ ರಂಧ್ರ ಹಿಂದಿನ ರಂಧ್ರಕ್ಕೆ ನೇರವಾದಾಗ ಒಂದು ಉಕ್ಕಿನ ಕಡ್ಡಿ ತೂರಿಸಿದ. ಕೆಳಗೆ ಎಂಜಿನ್ನಿನ ಮೈಯೊಳಗೆ ಇನ್ನೊಂದು ಕಡ್ಡಿಯನ್ನು ತಿರುಪಿ, ಕ್ರ್ಯಾಂಕು ದಂಡ ಅದಕ್ಕೆ ಒತ್ತಿ ನಿಲ್ಲುವಂತೆ ಮಾಡಿದ. ಡೀಸೆಲ್ ಪಂಪಿನ ಚಕ್ರದ ಗುರುತನ್ನೂ ನೋಡಿಕೊಂಡ. ಎಲ್ಲವೂ ಇದ್ದಲ್ಲಿಯೇ ಸ್ತಬ್ಧವಾದ ಮೇಲೆ, ಬಿಗಿ ಹಿಡಿಯುವ ರಾಟೆಯನ್ನು ಸಡಿಲಿಸಿ ಹಳೆಯ ಪಟ್ಟಿಯನ್ನು ಕಳಚಿ ನನ್ನ ಕೈಗಿತ್ತ.

ಅದು ಚೆನ್ನಾಗಿಯೇ ಇತ್ತು! ಸೀಳಿಲ್ಲ, ಬಿರುಕಿಲ್ಲ. ಒಂದು ಹಲ್ಲೂ ಉದುರಿರಲಿಲ್ಲ. ವೀಣೆಯ ಡಬ್ಬಿಯನ್ನು ನೆನೆದು ನನ್ನ ಎದೆ ಧಸಕ್ಕೆಂದಿತು. ಮೇಸ್ತ್ರಿ ಏನೂ ಹೇಳದೆ ಅದರ ಬೆನ್ನನ್ನು ಚಿಂದಿಯಿಂದ ಒರಸಿ ಬೆಳಕಿಗೆ ಹಿಡಿದ. ಮಾಸಿದ ಬಿಳಿ ಅಕ್ಷರಗಳಲ್ಲಿ ತಯಾರಕರ ಮುದ್ರೆಯೂ ಇಸವಿಯೂ ಇದ್ದವು: 2014. ಕಾರಿನೊಂದಿಗೇ ಹುಟ್ಟಿದ ಪಟ್ಟಿ. ಅನಂತರ ಹಳೆಯ ರಾಟೆಯನ್ನು ನನ್ನ ಕಿವಿಯ ಬಳಿ ತಂದು ಬೆರಳಿನಿಂದ ತಿರುಗಿಸಿದ. ಒಳಗಿನ ಗುಂಡುಗಳು ಮರಳು ಅಗಿದಂತೆ ಕರಕರ ಎಂದವು. ಹೊಸದನ್ನು ತಿರುಗಿಸಿದ, ಸದ್ದೇ ಇಲ್ಲ. "ಪಟ್ಟಿ ಒಂದೇ ಸಾಯೋದಲ್ಲ ಸಾರ್, ಇದು ಹಿಡಿದುಕೊಂಡರೆ ಅದನ್ನೂ ಕರೆದುಕೊಂಡು ಹೋಗುತ್ತೆ" ಎಂದ. ಪಟ್ಟಿಯೊಡನೆ ರಾಟೆಯನ್ನೂ ನೀರಿನ ಪಂಪನ್ನೂ ಬದಲಾಯಿಸುವುದು ಇದರಿಂದಲೇ. ನಾಳೆ ಪಂಪೊಂದಕ್ಕಾಗಿ ಇಷ್ಟನ್ನೆಲ್ಲ ಮತ್ತೆ ಬಿಚ್ಚುವವರಾರು?

ಹೊಸ ಪಟ್ಟಿ ಏರಿತು. ರಾಟೆಯ ಮುಳ್ಳನ್ನು ಅದರ ಗುರುತಿಗೆ ಹೊಂದಿಸಿ ಬಿಗಿ ಮಾಡಿ, ಕಡ್ಡಿಗಳೆರಡನ್ನೂ ಹೊರಗೆ ತೆಗೆದು, ಎಂಜಿನ್ನನ್ನು ಕೈಯಿಂದ ಪೂರಾ ಎರಡು ಸುತ್ತು ತಿರುಗಿಸಿದ. ಕೀಲಿ ತಿರುಗಿಸಿ ನೋಡಬಾರದೇ ಎಂದೆ. ತಪ್ಪಿದ್ದರೆ ಕೈಗೆ ತಡೆ ಗೊತ್ತಾಗುತ್ತದೆ, ಕೀಲಿಗೆ ಗೊತ್ತಾಗುವುದಿಲ್ಲ ಎಂದ. ಎರಡು ಸುತ್ತಿನ ಮೇಲೆ ಕೆಳಗಿನ ಕಡ್ಡಿ ಸರಿಯಾಗಿ ಕೂತಿತು. ಮೇಲಿನದು ಕೂರಲಿಲ್ಲ. ಒಂದಿಷ್ಟೇ, ರಂಧ್ರದ ಅಂಚಿಗೆ ತಗುಲಿ ನಿಂತಿತು. ಒಂದು ಹಲ್ಲು ತಪ್ಪಿತ್ತು.

ನಾನು ಭಾಮಿನಿ ಷಟ್ಪದಿಯನ್ನು ನೆನೆದೆ. ಮೂರು ನಾಲ್ಕು ಮೂರು ನಾಲ್ಕು ಎಂದು ಮಾತ್ರೆಗಳು ನಡೆಯುತ್ತಿರುವಾಗ ಎಲ್ಲಿಯೋ ಒಂದು ಹೆಚ್ಚಾದರೆ ಕಿವಿ ಎಡವುತ್ತದೆ, ಅಷ್ಟೆ. ಹೇಗೋ ಎಳೆದು ಹಾಡಿಕೊಂಡು ಹೋಗುವವರೂ ಇದ್ದಾರೆ. ಈ ಯಂತ್ರವೂ ಹಾಗೆ ಹಾಡಬಹುದಿತ್ತೇನೋ: ಹೊಗೆಯುಗುಳಿಕೊಂಡು, ಏರಿನಲ್ಲಿ ಏದುಸಿರು ಬಿಟ್ಟುಕೊಂಡು. ನನಗಂತೂ ತಿಳಿಯುತ್ತಿರಲಿಲ್ಲ. ಮಧ್ಯಾಹ್ನ ಎರಡು ಗಂಟೆ, ಅವನ ಊಟವಾಗಿರಲಿಲ್ಲ. ಅವನು ಒಂದು ನಿಮಿಷ ಸುಮ್ಮನೆ ನಿಂತು, ಮತ್ತೆ ರಾಟೆಯನ್ನು ಸಡಿಲಿಸಿ ಎಲ್ಲವನ್ನೂ ಮೊದಲಿನಿಂದ ಹೂಡಿದ. ಎರಡನೆಯ ಸಲ ಕಡ್ಡಿಗಳೆರಡೂ ಬೆಣ್ಣೆಯಲ್ಲಿ ಇಳಿದಂತೆ ಇಳಿದವು. ಕಡ್ಡಿ ತೆಗೆದು ಇನ್ನೊಮ್ಮೆ ಎರಡು ಸುತ್ತು. ಕೂಲಿಯಲ್ಲಿ ಒಂದು ರೂಪಾಯಿಯನ್ನೂ ಚೌಕಾಸಿ ಮಾಡಲಾರೆನೆಂದು ನಾನು ಆಗಲೇ ನಿಶ್ಚಯಿಸಿಬಿಟ್ಟೆ.

ಸಂಪಾಜೆಯ ಘಾಟಿಯನ್ನು ಇಳಿಯುವಾಗ ಮಗಳು ಹಿಂದಿನ ಸೀಟಿನಲ್ಲಿ ಬಾಯಿ ತೆರೆದು ನಿದ್ದೆ ಹೋಗಿದ್ದಳು. ಹೇಳಿಕೊಳ್ಳುವಂಥದೇನೂ ನಡೆಯಲಿಲ್ಲ.

ಊರಿಗೆ ಮರಳಿದ ಮೇಲೆ ಒಂದು ಸಂಜೆ ದೇವರಾಜ ಮಾರುಕಟ್ಟೆಯಲ್ಲಿ ಕಾರು ಮಾರಿದ ಗೃಹಸ್ಥರು ಎದುರಾದರು. ಇಷ್ಟು ದಿನ ಮನಸ್ಸಿನಲ್ಲಿಯೇ ಅವರಿಗೆ ಹೇಳಿಕೊಂಡಿದ್ದ ಮಾತುಗಳನ್ನೆಲ್ಲ ಸಿದ್ಧಮಾಡಿಕೊಂಡು, ಆದಷ್ಟು ಮೃದುವಾಗಿ ಬೆಲ್ಟಿನ ವಿಷಯ ಎತ್ತಿದೆ. ಅವರ ಮುಖ ಬಾಡಿತು. ಮನೆಗೆ ಕರೆದೊಯ್ದು, ಹಳೆಯ ಕಡತ ತೆಗೆದು, ಗ್ಯಾರೇಜೊಂದರ ಚೀಟಿ ತೋರಿಸಿದರು. ಅದರಲ್ಲಿ 'ಬೆಲ್ಟು – 1' ಎಂದಿತ್ತು. ಬೆಲೆ ಸಾವಿರದ ಚಿಲ್ಲರೆ. ಆ ಬೆಲೆಗೆ ಬರುವುದು ಹೊರಗೆ ಕಾಣುವ, ಬ್ಯಾಟರಿಗೆ ವಿದ್ಯುತ್ತು ತುಂಬುವ ಯಂತ್ರವನ್ನು ತಿರುಗಿಸುವ ಬೇರೊಂದು ಬೆಲ್ಟು. ಪಾಪ, ಕಾರಿಗೆ ಇರುವುದು ಒಂದೇ ಬೆಲ್ಟೆಂದು ಅವರು ತಿಳಿದಿದ್ದರು. ಅದನ್ನೇ ನಂಬಿ ತಾವೂ ಹೆಂಡತಿ ಮಕ್ಕಳೊಡನೆ ಎರಡು ಸಲ ಧರ್ಮಸ್ಥಳಕ್ಕೆ ಹೋಗಿ ಬಂದಿದ್ದರಂತೆ.

ಮನೆಗೆ ಬಂದವನೇ ನನ್ನ ಚೀಟಿಯನ್ನು ತೆಗೆದು ನೋಡಿದೆ. 'ಬೆಲ್ಟು ಸೆಟ್ಟು – 1, ಕೂಲಿ' ಎಂದಷ್ಟೇ ಇತ್ತು. ಮರುದಿನ ಕಾಲೇಜಿಗೆ ಹೋಗುವ ದಾರಿಯಲ್ಲಿ ಗ್ಯಾರೇಜಿನ ಮುಂದೆ ಇಳಿದು, ಟೈಮಿಂಗ್ ಬೆಲ್ಟು, ರಾಟೆ, ನೀರಿನ ಪಂಪು ಎಂದು ಬಿಡಿಬಿಡಿಯಾಗಿ, ತಾರೀಖು ಕಿಲೋಮೀಟರುಗಳ ಸಮೇತ ಇನ್ನೊಂದು ಚೀಟಿ ಬರೆಸಿಕೊಂಡೆ. ಮೇಸ್ತ್ರಿಯ ಕಾಗುಣಿತದಲ್ಲಿ ಎರಡು ತಪ್ಪುಗಳಿದ್ದವು. ತಿದ್ದಲಿಲ್ಲ.