ಬೆಂಕಿಯ ಮುಂದೆ ನಿಂತವನ ಮಾತು ನಡೆಯಲಿ

ಯಂತ್ರದ ಸ್ವಯಂಚಾಲನೆ ಕೆಟ್ಟಿತೆಂದರೆ ಮಿಲ್ಲುಗಳಲ್ಲಿ ಕೇಳಿಬರುವ ಮೊದಲ ಮಾತು: "ಮ್ಯಾನ್ಯುಯಲ್‌ಗೆ ಹಾಕು, ಪಾಳಿ ಮುಗಿಯಲಿ." ಹೇಳುವವನು ಆಫೀಸಿನಲ್ಲಿರುತ್ತಾನೆ, ಕೇಳಿ ನಡೆಯಬೇಕಾದವನು ಬಾಯ್ಲರಿನ ಮುಂದೆ ನಿಂತಿರುತ್ತಾನೆ.

ಕೈಯಿಂದ ಯಂತ್ರ ನಡೆಸುವುದೇ ತಪ್ಪೆಂದು ನಾವು ಹೇಳುವುದಿಲ್ಲ. ಬಾಯ್ಲರ್ ಹೊತ್ತಿಸುವಾಗ, ಆರಿಸುವಾಗ ಅದು ಬೇಕಾಗುತ್ತದೆ. ಆದರೆ ಪಂಪು, ಫ್ಯಾನುಗಳನ್ನು ಕೈಗೆ ತೆಗೆದುಕೊಳ್ಳುವುದು ಬೇರೆ. ನೀರು ಇಳಿದಾಗ ಬೆಂಕಿಯನ್ನು ತಡೆಯುವ ಸ್ವಿಚ್ಚಿಗೆ ತಂತಿ ಕಟ್ಟಿ ಬಾಯಿ ಮುಚ್ಚಿಸುವುದು, ಸೇಫ್ಟಿ ವಾಲ್ವಿನ ಮೇಲೆ ಭಾರ ಹೇರುವುದು ಬೇರೆ. ಮೊದಲನೆಯದು ಕೆಲಸ, ಎರಡನೆಯದು ಕೊಲೆಯ ಸಿದ್ಧತೆ.

ಹತ್ತು ಕಿಲೋ ಒತ್ತಡದ ಬಾಯ್ಲರಿನೊಳಗೆ ನೀರಿನ ಶಾಖ ಸುಮಾರು 180 ಡಿಗ್ರಿ. ಕವಚ ಒಡೆದರೆ ಆ ನೀರಿನ ಒಂದು ಪಾಲು ಕ್ಷಣದಲ್ಲಿ ಆವಿಯಾಗುತ್ತದೆ. ಆವಿಯಾದ ನೀರು ಸುಮಾರು 1,600 ಪಟ್ಟು ಹಿಗ್ಗುತ್ತದೆ. ಆದುದರಿಂದಲೇ ಗೇಜ್ ಗಾಜಿನಲ್ಲಿ ನೀರು ಕಾಣದಾದಾಗ ಬೆಂಕಿಯನ್ನು ನಿಲ್ಲಿಸಬೇಕೇ ಹೊರತು, ಕಾದ ಲೋಹದ ಮೇಲೆ ಗಾಬರಿಯಿಂದ ತಣ್ಣೀರು ಬಿಡಬಾರದು. ಅನುಭವಿ ಫೈರ್‌ಮನ್ ಇದನ್ನು ಬಲ್ಲ. ಆದರೆ ಬೆಂಕಿ ನಿಲ್ಲಿಸಿದರೆ ಕೂಲಿ ಹೋದೀತೆಂಬ ಭಯ ಅವನ ಕೈಯನ್ನು ಹಿಡಿಯುತ್ತದೆ.

ರಾಯಬರೇಲಿ ಜಿಲ್ಲೆಯ ಊಂಚಾಹಾರದಲ್ಲಿ 2017ರ ನವೆಂಬರ್ 1ರಂದು ನಡೆದುದನ್ನು ನೆನೆಯೋಣ. 500 ಮೆಗಾವ್ಯಾಟಿನ ಹೊಸ ಘಟಕದ ಕುಲುಮೆಯಲ್ಲಿ ಬೂದಿ ಗಟ್ಟಿಯಾಗಿ ಕಟ್ಟಿಕೊಂಡಿತ್ತು. ಘಟಕವನ್ನು ನಿಲ್ಲಿಸದೆಯೇ ಅದನ್ನು ತೆಗೆಯುವ ಕೆಲಸಕ್ಕೆ ಜನರನ್ನು ಹಚ್ಚಲಾಗಿತ್ತು. ಬಿಸಿ ಅನಿಲ, ಆವಿ ಹೊರನುಗ್ಗಿ 40ಕ್ಕೂ ಹೆಚ್ಚು ಮಂದಿ ಸತ್ತರು. ಬಹುಪಾಲು ಗುತ್ತಿಗೆ ಕಾರ್ಮಿಕರು. ಅದು ಖಾಸಗಿ ಬಂಡವಾಳಗಾರನ ಕಾರಖಾನೆಯಲ್ಲ, ಸರ್ಕಾರದ ಕಂಪನಿಯದು. ಒಡೆತನ ಸಾರ್ವಜನಿಕವಾದ ಮಾತ್ರಕ್ಕೆ ದುಡಿಯುವವನ ಪ್ರಾಣಕ್ಕೆ ಬೆಲೆ ಬಾರದು. ಯಂತ್ರ ನಿಲ್ಲಿಸುವ ಅಧಿಕಾರ ಅವನಿಗೆ ಬರಬೇಕು.

1923ರ ಬಾಯ್ಲರ್ ಕಾಯಿದೆ ಹೋಗಿ 2025ರ ಕಾಯಿದೆ ಬಂದಿದೆ. ಪ್ರಮಾಣಪತ್ರವಿಲ್ಲದೆ ಬಾಯ್ಲರ್ ನಡೆಸಬಾರದೆಂಬ ಕಟ್ಟಳೆ ಉಳಿದಿದೆ. ಆದರೆ ತಪಾಸಣೆಯ ದಿನ ಸರಿಯಾಗಿದ್ದ ಸ್ವಿಚ್ಚಿಗೆ ಮರುದಿನ ತಂತಿ ಬಿದ್ದರೆ ಕಾಗದ ಕಾಪಾಡದು.

ನಮ್ಮ ಬೇಡಿಕೆಗಳು ಇವು: ಕೈಚಾಲನೆಗೆ ಹಾಕುವ ಆಜ್ಞೆ ಬರಹದಲ್ಲಿರಲಿ, ಹೆಸರು ವೇಳೆಗಳೊಡನೆ. ರಕ್ಷಣಾ ಸ್ವಿಚ್ಚನ್ನು ಯಾರೂ ಮುಟ್ಟದಿರಲಿ. ಅದೇ ಕೆಟ್ಟರೆ ಬೆಂಕಿ ಆರಲಿ. ಪಾಳಿಗೊಮ್ಮೆ ಗೇಜ್ ಗಾಜನ್ನು ತೊಳೆದು ನೋಡಲಿ. ಕುಲುಮೆಯ ಬಳಿ ಒಬ್ಬಂಟಿ ಯಾರೂ ದುಡಿಯದಿರಲಿ. ಅಪಾಯ ಕಂಡು ಯಂತ್ರ ನಿಲ್ಲಿಸಿದವನ ಕೂಲಿ ಕಡಿಯದಿರಲಿ.

ಸಣ್ಣ ವ್ಯಾಪಾರಿ ಬಂಧುಗಳಿಗೂ ಒಂದು ಮಾತು. ಅಕ್ಕಿ ಗಿರಣಿಯಿರಲಿ, ಮಂಡಕ್ಕಿ ಭಟ್ಟಿಯಿರಲಿ, ಅಲ್ಲಿ ಬೆಂಕಿಯ ಹತ್ತಿರ ನೀವೂ ನಿಮ್ಮ ಮಕ್ಕಳೂ ಓಡಾಡುತ್ತೀರಿ. ಒಂದು ಪಾಳಿಯ ನಷ್ಟವನ್ನು ಮುಂದಿನ ವಾರ ತುಂಬಿಕೊಳ್ಳಬಹುದು. ಸುಟ್ಟ ಮನುಷ್ಯನನ್ನು ತುಂಬಿಕೊಡುವ ಲೆಕ್ಕದ ಪುಸ್ತಕ ಯಾವ ಅಂಗಡಿಯಲ್ಲೂ ಇಲ್ಲ.