ನಿಂತ ಅಪ್‌ಡೇಟ್ ಮತ್ತು ಅಂಗಡಿಯ ಲೆಕ್ಕ

ರಬಕವಿ-ಬನಹಟ್ಟಿಯ ವಿದ್ಯುತ್ ಮಗ್ಗವೊಂದು ಓಡುತ್ತಿದ್ದಂತೆ ಥಟ್ಟನೆ ನಿಂತರೆ ನೇಕಾರನು ಮಗ್ಗವನ್ನೇ ಬಿಚ್ಚಿ ಹಾಕುವುದಿಲ್ಲ. ಹೊಕ್ಕಿನ ಎಳೆ ಹರಿದಿದೆಯೇ, ಲಾಳಿಯಲ್ಲಿ ನೂಲು ಮುಗಿದಿದೆಯೇ, ಹಾಸಿನ ಎಳೆ ತುಂಡಾಗಿದೆಯೇ ಎಂದು ಮೊದಲು ನೋಡುತ್ತಾನೆ. ಮೋಟಾರಿನ ಕಡೆಗೆ ಕೈ ಹೋಗುವುದು ಕೊನೆಗೆ. ಮುಧೋಳ ಭಾಗದ ಸಕ್ಕರೆ ಕಾರ್ಖಾನೆಗಳಲ್ಲಿ ಕಬ್ಬು ಅರೆಯುವ ಕೆಲಸ ನಿಂತಾಗಲೂ ಇದೇ ಕ್ರಮ. ಸಣ್ಣ ಕಾರಣದಿಂದ ದೊಡ್ಡ ಕಾರಣಕ್ಕೆ, ಅಗ್ಗದ ಪರೀಕ್ಷೆಯಿಂದ ದುಬಾರಿ ಪರೀಕ್ಷೆಗೆ ಸಾಗುವುದು ಈ ಭಾಗದ ಉದ್ದಿಮೆದಾರರಿಗೆ ಯಾರೂ ಕಲಿಸಬೇಕಾದ ಪಾಠವಲ್ಲ.

ಆದರೆ ಗಣಕಯಂತ್ರದ ವಿಷಯ ಬಂದಾಗ ಈ ವಿವೇಕ ಮರೆತುಹೋಗುತ್ತದೆ. ಆಟವೊಂದರ ಅಪ್‌ಡೇಟ್ ಅರ್ಧಕ್ಕೆ ನಿಂತಿತೆಂದರೆ ಮೊದಲ ಸಲಹೆಯೇ ‘ಫಾರ್ಮ್ಯಾಟ್ ಮಾಡಿಸಿಬಿಡಿ’ ಎಂಬುದು. ಎರಡನೆಯದು ‘ಆಂಟಿವೈರಸ್ ತೆಗೆದುಹಾಕಿ’. ಮೂರನೆಯದು ‘ವಿಂಡೋಸ್ ಅಪ್‌ಡೇಟ್ ಬಂದ್ ಮಾಡಿ’. ಈ ಮೂರೂ ಸಲಹೆಗಳು ಆಟಕ್ಕಿಂತ ವ್ಯಾಪಾರಕ್ಕೆ ಹೆಚ್ಚು ಹಾನಿ ಮಾಡಬಲ್ಲವು.

ವ್ಯಾಪಾರಿ ಪತ್ರಿಕೆಯಲ್ಲಿ ಆಟದ ಮಾತೇಕೆ?

ಜಮಖಂಡಿ, ಬೀಳಗಿಯಂಥ ಊರುಗಳಲ್ಲಿ ಅಂಗಡಿಗೊಂದು, ಮನೆಗೊಂದು, ಆಟಕ್ಕೊಂದು ಎಂದು ಮೂರು ಯಂತ್ರಗಳನ್ನು ಇಡುವ ವರ್ತಕರು ವಿರಳ. ಹಗಲು ಬಿಲ್ಲು ಮತ್ತು ಖಾತೆ ಬರೆಯುವ ಯಂತ್ರದಲ್ಲಿಯೇ ರಾತ್ರಿ ಮಕ್ಕಳ ಆಟ ನಡೆಯುವುದು ಸಣ್ಣ ಊರುಗಳಿಗೆ ಹೊಸದಲ್ಲ. ಅದು ತಪ್ಪೆಂದು ಹೇಳುವುದೂ ಸರಿಯಲ್ಲ. ಆದರೆ ಆ ಒಂದೇ ಡಿಸ್ಕಿನಲ್ಲಿ ಮತ್ತೆ ಮತ್ತೆ ಇಳಿಸಿಕೊಳ್ಳಬಹುದಾದ ಆಟವೂ ಇದೆ, ಹೋದರೆ ಮರಳಿ ಬಾರದ ಲೆಕ್ಕವೂ ಇದೆ ಎಂಬುದನ್ನು ಮರೆಯಬಾರದು.

ಜಿಎಸ್‌ಟಿ ಕಾಯ್ದೆಯ 36ನೇ ಕಲಮಿನ ಪ್ರಕಾರ ನೋಂದಾಯಿತ ವರ್ತಕನು ತನ್ನ ಲೆಕ್ಕಪತ್ರಗಳನ್ನು ಆಯಾ ವರ್ಷದ ವಾರ್ಷಿಕ ವಿವರಪತ್ರ ಸಲ್ಲಿಸಬೇಕಾದ ಅಂತಿಮ ದಿನದಿಂದ 72 ತಿಂಗಳವರೆಗೆ ಕಾಯ್ದಿಡಬೇಕು. ‘ಹುಡುಗನ ಆಟ ನಿಂತಿತ್ತು, ಫಾರ್ಮ್ಯಾಟ್ ಮಾಡಿಸಿದೆವು’ ಎಂಬ ಉತ್ತರವನ್ನು ಯಾವ ಅಧಿಕಾರಿಯೂ ಒಪ್ಪಲಾರನು. ಆದುದರಿಂದ ಆಟದ ಅಪ್‌ಡೇಟ್ ಏಕೆ ನಿಲ್ಲುತ್ತದೆ ಎಂಬುದನ್ನು ತಿಳಿದುಕೊಳ್ಳುವುದು ವರ್ತಕನಿಗೆ ಕಾಲಹರಣವಲ್ಲ.

ನಿಂತಂತೆ ಕಾಣುವುದೆಲ್ಲ ನಿಂತಿರುವುದಿಲ್ಲ

ಗಣಕಯಂತ್ರದ ಆಟಗಳನ್ನು ಮಾರುವ ಮತ್ತು ಹಂಚುವ ವೇದಿಕೆಗಳಲ್ಲಿ ಪ್ರಮುಖವಾದುದು ಅಮೆರಿಕದ ವಾಲ್ವ್ ಕಂಪನಿಯ ಸ್ಟೀಮ್. ಇದು 2003ರ ಸೆಪ್ಟೆಂಬರ್‌ನಲ್ಲಿ ಆರಂಭವಾಯಿತು. ಇದರ ಅಪ್‌ಡೇಟ್ ಎರಡು ಹಂತಗಳಲ್ಲಿ ನಡೆಯುತ್ತದೆ. ಮೊದಲು ಬದಲಾದ ಭಾಗಗಳು ಅಂತರ್ಜಾಲದಿಂದ ಇಳಿಯುತ್ತವೆ. ಬಳಿಕ ಯಂತ್ರವು ಹಳೆಯ ಕಡತಕ್ಕೆ ಹೊಸ ತುಣುಕುಗಳನ್ನು ಸೇರಿಸಿ ಕಡತವನ್ನು ಡಿಸ್ಕಿನಲ್ಲಿ ಪುನಃ ಕಟ್ಟುತ್ತದೆ. ಈ ಎರಡನೆಯ ಹಂತದಲ್ಲಿ ಅಂತರ್ಜಾಲದ ವೇಗ ಸೊನ್ನೆ ಎಂದು ತೋರುತ್ತದೆ, ಆದರೆ ಡಿಸ್ಕ್ ದುಡಿಯುತ್ತಿರುತ್ತದೆ. ಹಳೆಯ ತಿರುಗುವ ಹಾರ್ಡ್ ಡಿಸ್ಕ್ ಇದ್ದರೆ ಈ ಕೆಲಸ ಬಹಳ ಹೊತ್ತು ಹಿಡಿಯುತ್ತದೆ. ಡೌನ್‌ಲೋಡ್ ಪುಟದಲ್ಲಿ ಅಂತರ್ಜಾಲಕ್ಕೂ ಡಿಸ್ಕಿಗೂ ಬೇರೆ ಬೇರೆ ಅಂಕಿಗಳಿರುತ್ತವೆ. ಡಿಸ್ಕಿನ ಅಂಕಿ ಓಡುತ್ತಿದ್ದರೆ ಬೇಕಾಗಿರುವುದು ತಾಳ್ಮೆಯೊಂದೇ. ಆ ಹೊತ್ತಿನಲ್ಲಿ ಯಂತ್ರದ ಗುಂಡಿ ಒತ್ತಿ ಆರಿಸುವವನು ಇಲ್ಲದ ರೋಗವನ್ನು ಬರಮಾಡಿಕೊಳ್ಳುತ್ತಾನೆ.

ವೇಗದ ಲೆಕ್ಕದಲ್ಲಿಯೂ ತಪ್ಪು ತಿಳಿವಳಿಕೆ ಉಂಟು. ಅಂತರ್ಜಾಲ ಒದಗಿಸುವವರು 40 ಎಂದು ಹೇಳುವುದು ಮೆಗಾಬಿಟ್‌ಗಳಲ್ಲಿ. ಕಡತದ ಗಾತ್ರ ಇರುವುದು ಬೈಟ್‌ಗಳಲ್ಲಿ. ಎಂಟು ಬಿಟ್‌ಗಳಿಗೆ ಒಂದು ಬೈಟ್. ಅಂದರೆ 40ರ ಸಂಪರ್ಕದಲ್ಲಿ ಸೆಕೆಂಡಿಗೆ ಸಿಗುವುದು ಹೆಚ್ಚೆಂದರೆ 5 ಮೆಗಾಬೈಟ್. 2023ರ ಸೆಪ್ಟೆಂಬರ್ 27ರಂದು ‘ಕೌಂಟರ್ ಸ್ಟ್ರೈಕ್’ ಆಟದ ಹಳೆಯ ಆವೃತ್ತಿಯ ಸ್ಥಾನದಲ್ಲಿ ಎರಡನೆಯ ಆವೃತ್ತಿ ಬಂದಾಗ, 15 ಗಿಗಾಬೈಟ್ ಜಾಗ ಕೇಳುತ್ತಿದ್ದ ಆಟ 85 ಗಿಗಾಬೈಟ್ ಕೇಳಿತು. ಅಷ್ಟನ್ನು 40ರ ಸಂಪರ್ಕದಲ್ಲಿ ಪೂರ್ತಿ ಇಳಿಸಲು ಸುಮಾರು ನಾಲ್ಕೂಮುಕ್ಕಾಲು ತಾಸು ಬೇಕು. ಇದು ದೋಷವಲ್ಲ, ಬರಿಯ ಗುಣಾಕಾರ.

ಪರೀಕ್ಷೆಯ ಕ್ರಮ

ನಿಜವಾಗಿಯೇ ನಿಂತಿದೆ ಎಂದಾದರೆ ನೋಡಬೇಕಾದ ಕ್ರಮ ಹೀಗಿರಲಿ.

ಮೊದಲನೆಯದು ಜಾಗ. ಕಡತವನ್ನು ಪುನಃ ಕಟ್ಟುವಾಗ ಹಳೆಯದೂ ಹೊಸದೂ ಕೆಲಕಾಲ ಜೊತೆಗಿರಬೇಕಾಗುತ್ತದೆ. ಆದ್ದರಿಂದ ಅಪ್‌ಡೇಟ್ ಚಿಕ್ಕದಿದ್ದರೂ ಖಾಲಿ ಜಾಗ ಹೆಚ್ಚು ಬೇಕಾಗಬಹುದು. ಡಿಸ್ಕ್ ತುಂಬಿ ತುಳುಕುತ್ತಿದ್ದರೆ ಆಟ ಮಾತ್ರವಲ್ಲ, ಲೆಕ್ಕದ ತಂತ್ರಾಂಶವೂ ನಾಳೆ ನಿಲ್ಲುತ್ತದೆ.

ಎರಡನೆಯದು ಸಂಪರ್ಕ. ಅದೇ ವೈಫೈಯಲ್ಲಿ ಮೊಬೈಲ್ ಸರಿಯಾಗಿ ನಡೆಯುತ್ತಿದೆಯೇ, ಮಾಸಿಕ ಮಿತಿ ಮುಗಿದು ವೇಗ ಇಳಿದಿದೆಯೇ, ಸ್ಟೀಮ್‌ನಲ್ಲಿ ಯಾರಾದರೂ ವೇಗಕ್ಕೆ ಮಿತಿ ಅಥವಾ ಅಪ್‌ಡೇಟ್‌ಗೆ ಸಮಯ ಗೊತ್ತುಪಡಿಸಿದ್ದಾರೆಯೇ ಎಂದು ನೋಡಬೇಕು. ಡೌನ್‌ಲೋಡ್ ಪ್ರದೇಶವನ್ನು ಹತ್ತಿರದ ಇನ್ನೊಂದು ನಗರಕ್ಕೆ ಬದಲಿಸಿ ಪರೀಕ್ಷಿಸಬಹುದು. ದೋಷ ಆ ಕಡೆಯದೂ ಇರಬಹುದು: ಸ್ಟೀಮ್‌ನ ವಾಡಿಕೆಯ ದುರಸ್ತಿ ಅಮೆರಿಕದ ಮಂಗಳವಾರ ನಡೆಯುತ್ತದೆ, ಭಾರತದಲ್ಲಿ ಅದು ಬುಧವಾರದ ನಸುಕು.

ಮೂರನೆಯದು ಡೌನ್‌ಲೋಡ್ ಕ್ಯಾಶೆಯನ್ನು ಅಳಿಸುವುದು. ಇದರಿಂದ ಆಟ ಹೋಗುವುದಿಲ್ಲ. ಆದರೆ ಮತ್ತೆ ಲಾಗಿನ್ ಆಗಬೇಕಾಗುವುದರಿಂದ ಗುಪ್ತಪದ ಕೈಯಲ್ಲಿರಲಿ.

ನಾಲ್ಕನೆಯದು ಕಡತಗಳ ಪರಿಶೀಲನೆ. ಅಪ್‌ಡೇಟ್ ನಡುವೆ ಕರೆಂಟು ಹೋಗಿದ್ದರೆ ಕೆಲವು ಕಡತಗಳು ಕೆಟ್ಟಿರಬಹುದು. ಆಟದ ಗುಣಲಕ್ಷಣಗಳ ಪಟ್ಟಿಯಲ್ಲಿರುವ ಪರಿಶೀಲನೆಯ ಗುಂಡಿ ಕೆಟ್ಟ ಭಾಗಗಳನ್ನಷ್ಟೇ ಗುರುತಿಸಿ ಮತ್ತೆ ಇಳಿಸಿಕೊಳ್ಳುತ್ತದೆ. ಗಣಕಯಂತ್ರಕ್ಕೆ ಯುಪಿಎಸ್ ಕೊಟ್ಟು, ಫೈಬರ್ ಪೆಟ್ಟಿಗೆ ಮತ್ತು ರೂಟರನ್ನು ನೇರ ಲೈನಿಗೆ ಸಿಕ್ಕಿಸಿದ್ದರೆ ಯಂತ್ರ ಉಳಿದರೂ ಸಂಪರ್ಕ ಹರಿಯುತ್ತದೆ. ಅವೆರಡನ್ನೂ ಯುಪಿಎಸ್‌ಗೆ ಸೇರಿಸುವುದು ಅಂಗಡಿಯ ಬಿಲ್ಲಿಂಗ್‌ಗೂ ಲಾಭ.

ಐದನೆಯದು ಡಿಸ್ಕ್. ‘ಡಿಸ್ಕ್ ರೈಟ್ ಎರರ್’ ಎಂಬ ಸಂದೇಶ ಮೇಲಿನ ಪರೀಕ್ಷೆಗಳ ನಂತರವೂ ಮರುಕಳಿಸಿದರೆ ಡಿಸ್ಕೇ ಸೋಲುತ್ತಿರಬಹುದು. ಇಲ್ಲಿ ಆಟದ ದೋಷವು ವರ್ತಕನಿಗೆ ಉಪಕಾರವನ್ನೇ ಮಾಡಿದೆ. ಅದೇ ಡಿಸ್ಕಿನಲ್ಲಿರುವ ಲೆಕ್ಕವನ್ನು ಅಂದೇ ಬೇರೆಡೆ ನಕಲು ಮಾಡಿಡಬೇಕೆಂಬ ಮುನ್ಸೂಚನೆ ಅದು.

ಇಷ್ಟೂ ಆದ ಮೇಲೆ ಸ್ಟೀಮ್ ತಂತ್ರಾಂಶವನ್ನು ಮರುಸ್ಥಾಪಿಸುವ ಮಾತು. ಆಗಲೂ ‘ಸ್ಟೀಮ್ಆ್ಯಪ್ಸ್’ ಎಂಬ ಫೋಲ್ಡರನ್ನು ಬೇರೆಡೆಗೆ ಸರಿಸಿಟ್ಟುಕೊಂಡರೆ ಇಳಿಸಿದ ಆಟಗಳು ಉಳಿಯುತ್ತವೆ. ಇನ್ನು ವಿಂಡೋಸ್ 7 ಅಥವಾ 8ರಲ್ಲಿ ಓಡುವ ಹಳೆಯ ಯಂತ್ರವಾದರೆ ಈ ಪರೀಕ್ಷೆಗಳೇ ವ್ಯರ್ಥ; ಅವುಗಳಿಗೆ ಸ್ಟೀಮ್ ತನ್ನ ಬೆಂಬಲವನ್ನು 2024ರ ಜನವರಿ 1ರಿಂದಲೇ ನಿಲ್ಲಿಸಿದೆ.

ಬಾಗಿಲು ತೆರೆದಿಡುವ ಸಲಹೆಗಳು

ಆಂಟಿವೈರಸ್ ಕೆಲವೊಮ್ಮೆ ಆಟದ ಕಡತವನ್ನು ಹಿಡಿದಿಟ್ಟು ಅಪ್‌ಡೇಟ್ ತಡೆಯುವುದು ನಿಜ. ಅದಕ್ಕೆ ಆಟದ ಫೋಲ್ಡರಿಗೆ ಮಾತ್ರ ವಿನಾಯಿತಿ ಕೊಟ್ಟರೆ ಸಾಕು; ಕಾವಲುಗಾರನನ್ನೇ ಕೆಲಸದಿಂದ ತೆಗೆಯಬೇಕಾಗಿಲ್ಲ. ವಿಂಡೋಸ್ ಅಪ್‌ಡೇಟ್ ಬಂದ್ ಮಾಡುವುದರ ಬೆಲೆಯನ್ನು ಜಗತ್ತು 2017ರಲ್ಲಿ ಕಂಡಿದೆ. ಆ ವರ್ಷದ ಮೇ 12ರಂದು ಹಬ್ಬಿದ ವನ್ನಾಕ್ರೈ ಎಂಬ ಸುಲಿಗೆ ತಂತ್ರಾಂಶವು ನೂರೈವತ್ತು ದೇಶಗಳ ಯಂತ್ರಗಳ ಕಡತಗಳಿಗೆ ಬೀಗ ಹಾಕಿ ಹಣ ಕೇಳಿತು. ಅದನ್ನು ತಡೆಯುವ ಅಪ್‌ಡೇಟನ್ನು ಮೈಕ್ರೋಸಾಫ್ಟ್ ಮಾರ್ಚ್ ತಿಂಗಳಿನಲ್ಲಿಯೇ ಹೊರಡಿಸಿತ್ತು. ಅದನ್ನು ಹಾಕಿಕೊಳ್ಳದವರೇ ಹೆಚ್ಚಾಗಿ ಸಿಕ್ಕಿಬಿದ್ದರು.

ಅಪ್‌ಡೇಟ್ ಎಂದರೆ ಕಣ್ಣುಮುಚ್ಚಿ ನಂಬಬೇಕೆಂದೂ ಅಲ್ಲ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಕಂಪನಿಯ ದೋಷಪೂರಿತ ಅಪ್‌ಡೇಟ್ ಒಂದರಿಂದ, ಮೈಕ್ರೋಸಾಫ್ಟ್ ಅಂದಾಜಿಸಿದಂತೆ, 85 ಲಕ್ಷ ಯಂತ್ರಗಳು ನಿಂತವು; ಭಾರತದ ವಿಮಾನ ನಿಲ್ದಾಣಗಳಲ್ಲಿ ಕೈಬರಹದ ಬೋರ್ಡಿಂಗ್ ಪಾಸ್ ಕೊಡಬೇಕಾಯಿತು. ಎರಡೂ ಪ್ರಸಂಗಗಳ ಪಾಠ ಒಂದೇ: ಅಪ್‌ಡೇಟ್ ನಡೆಯಲಿ, ಆದರೆ ಅದಕ್ಕೆ ಮುನ್ನ ಲೆಕ್ಕದ ನಕಲು ಬೇರೊಂದು ಡಿಸ್ಕಿನಲ್ಲಿ ಇರಲಿ. ಮಾಸಿಕ ವಿವರಪತ್ರ ಸಲ್ಲಿಸುವವರು 11 ಮತ್ತು 20ನೇ ತಾರೀಖಿನ ಹಿಂದಿನ ದಿನ ದೊಡ್ಡ ಅಪ್‌ಡೇಟ್‌ಗೆ ಕೈಹಾಕದಿರುವುದೂ ಜಾಣತನ.

ಆಟದ ಕೇಂದ್ರ ನಡೆಸುವವರಿಗೆ

ಗೇಮಿಂಗ್ ಕೇಂದ್ರವನ್ನೇ ಉದ್ಯೋಗವಾಗಿ ಮಾಡಿಕೊಳ್ಳುವ ತರುಣರಿಗೆ ನಿಂತ ಅಪ್‌ಡೇಟ್ ಎಂದರೆ ನಿಂತ ಗಲ್ಲಾ. ಹತ್ತು ಯಂತ್ರಗಳಿಗೆ ಒಂದೇ ಆಟವನ್ನು ಹತ್ತು ಸಲ ಇಳಿಸಿದರೆ 85ರ ಜಾಗದಲ್ಲಿ 850 ಗಿಗಾಬೈಟ್ ಬೇಕಾಗುತ್ತದೆ. ಒಂದು ಯಂತ್ರಕ್ಕೆ ಇಳಿಸಿ, ಉಳಿದವುಗಳಿಗೆ ಒಳಗಿನ ಕೇಬಲ್ ಮೂಲಕವೇ ಸಾಗಿಸುವ ಸೌಲಭ್ಯವನ್ನು ಸ್ಟೀಮ್ 2023ರಲ್ಲಿ ಒದಗಿಸಿದೆ. ಅದನ್ನು ಬಳಸದಿರುವುದು ಒಂದೇ ಲಾರಿಯಲ್ಲಿ ಬರುವ ಸರಕಿಗೆ ಹತ್ತು ಲಾರಿ ಗೊತ್ತು ಮಾಡಿದಂತೆ. ಆದರೆ ಸಾಮಾನ್ಯ ಸ್ಟೀಮ್ ಖಾತೆಯು ವೈಯಕ್ತಿಕ ಬಳಕೆಗೆ ಮಾತ್ರ ಎಂಬುದೂ, ಕೇಂದ್ರಗಳಿಗೆ ಪ್ರತ್ಯೇಕ ಪರವಾನಗಿ ವ್ಯವಸ್ಥೆ ಇದೆ ಎಂಬುದೂ ತಿಳಿದಿರಲಿ. 2025ರ ಆನ್‌ಲೈನ್ ಗೇಮಿಂಗ್ ಕಾಯ್ದೆಯು ಹಣ ಕಟ್ಟಿ ಆಡುವ ಆಟಗಳನ್ನು ನಿಷೇಧಿಸಿ, ಇ-ಕ್ರೀಡೆಗೆ ಮನ್ನಣೆ ನೀಡಿದೆ. ನೇರ ದಾರಿಯಲ್ಲಿ ನಡೆಯುವವರಿಗೆ ಇದು ಅನುಕೂಲವೇ.

ತಿಳಿವಳಿಕೆಗೂ ಬೆಲೆ ಕೊಡಬೇಕು

ರಿಪೇರಿ ಅಂಗಡಿಯವರು ಫಾರ್ಮ್ಯಾಟ್ ಮಾಡುವುದೇಕೆ ಎಂಬ ಪ್ರಶ್ನೆಗೆ ಉತ್ತರ ಗ್ರಾಹಕನ ಕಡೆಯೇ ಇದೆ. ಫಾರ್ಮ್ಯಾಟ್ ಎಂದರೆ ಕಣ್ಣಿಗೆ ಕಾಣುವ ಕೆಲಸ. ಅದಕ್ಕೆ ಗ್ರಾಹಕ ಹಣ ಕೊಡುತ್ತಾನೆ. ‘ಡಿಸ್ಕಿನಲ್ಲಿ ಜಾಗವಿಲ್ಲ, ಅಷ್ಟೇ’ ಎಂದು ಐದು ನಿಮಿಷದಲ್ಲಿ ಹೇಳಿದವನಿಗೆ ‘ಇಷ್ಟಕ್ಕೆಲ್ಲ ದುಡ್ಡೇ?’ ಎಂದು ಕೇಳುತ್ತಾನೆ. ಹೀಗಿರುವಾಗ ದುಡಿದು ಉಣ್ಣುವ ಕುಶಲಕರ್ಮಿ ಯಾವ ಮದ್ದನ್ನು ಆರಿಸುತ್ತಾನೆಂದು ಬೇರೆ ಹೇಳಬೇಕಾಗಿಲ್ಲ. ಫಾರ್ಮ್ಯಾಟ್ ಶೀಘ್ರ ಮತ್ತು ಖಚಿತ ಎಂಬ ವಾದದಲ್ಲಿಯೂ ಅರ್ಧ ಸತ್ಯವೇ ಇದೆ: ಸಂಪರ್ಕದ ದೋಷವೋ ಸೋಲುವ ಡಿಸ್ಕೋ ಇದ್ದರೆ ಅದು ಫಾರ್ಮ್ಯಾಟ್ ಆದ ಮರುದಿನವೇ ಮರಳಿ ಬರುತ್ತದೆ.

ಈ ನಾಲ್ಕೂ ಊರುಗಳ ವರ್ತಕ ಸಂಘಗಳು ಮತ್ತು ಗಣಕಯಂತ್ರ ವ್ಯಾಪಾರಿಗಳು ಕೂಡಿ ಎರಡು ಸರಳ ರೂಢಿಗಳನ್ನು ಬೆಳೆಸಬಹುದು. ರಿಪೇರಿಗೆ ಮುನ್ನ ದೋಷವೇನು, ಹೇಗೆ ಗೊತ್ತಾಯಿತು ಎಂಬ ಒಂದು ಚೀಟಿ ಬರೆದುಕೊಡುವುದು ಮತ್ತು ಅದಕ್ಕೆ ಗೊತ್ತಾದ ದರ ನಿಗದಿಪಡಿಸುವುದು ಮೊದಲನೆಯದು. ಗ್ರಾಹಕನ ಲಿಖಿತ ಒಪ್ಪಿಗೆ ಮತ್ತು ಲೆಕ್ಕದ ನಕಲು ಇಲ್ಲದೆ ಯಾವ ಡಿಸ್ಕನ್ನೂ ಅಳಿಸದಿರುವುದು ಎರಡನೆಯದು. ಇದಕ್ಕೆ ಸರಕಾರದ ಅನುದಾನ ಬೇಕಿಲ್ಲ, ಹೊಸ ಯಂತ್ರವೂ ಬೇಕಿಲ್ಲ. ಹರಿದ ಎಳೆಯನ್ನು ಹುಡುಕಿ ಗಂಟು ಹಾಕುವ ನೇಕಾರನ ಕೂಲಿಯನ್ನು ಯಾರೂ ಪ್ರಶ್ನಿಸುವುದಿಲ್ಲ. ಗಣಕಯಂತ್ರದ ದೋಷ ಹುಡುಕುವವನಿಗೂ ಅದೇ ಮರ್ಯಾದೆ ಸಲ್ಲಬೇಕು.