ಶಾಲಾ ದಾಖಲೆಯ ತಪ್ಪೂ ನ್ಯಾಯಾಲಯದ ಮೆಟ್ಟಲೂ

ಮಗುವನ್ನು ಶಾಲೆಗೆ ಸೇರಿಸುವ ದಿನ ತಂದೆಯು ಜನ್ಮದಿನವನ್ನು ನೆನಪಿನಿಂದ ಹೇಳುವನು. ಉಪಾಧ್ಯಾಯರು ಅದನ್ನು ದಾಖಲಾತಿ ಪುಸ್ತಕದಲ್ಲಿ ಬರೆದುಕೊಳ್ಳುವರು. ದಿನವು ತಿಳಿಯದಿದ್ದಲ್ಲಿ ಶಾಲಾವರ್ಷದ ಆರಂಭವಾದ ಜೂನ್ ೧ನ್ನೇ ಬರೆದುಬಿಡುವ ಪದ್ಧತಿಯು ನಮ್ಮ ನಾಡಿನಲ್ಲಿ ಬಹುಕಾಲ ನಡೆದು ಬಂದಿತು. ಮೇ ತಿಂಗಳ ಕಡೆಯ ದಿನ ಸರಕಾರಿ ಕಚೇರಿಗಳಿಂದ ನಿವೃತ್ತರಾಗುವವರ ಸಾಲನ್ನು ಕಂಡ ವಾಚಕರಿಗೆ ಇದನ್ನು ಹೆಚ್ಚಾಗಿ ವಿವರಿಸಬೇಕಾಗಿಲ್ಲ. ಹೀಗೆ ಒಮ್ಮೆ ಬಿದ್ದ ಬರಹವೇ ಎಸ್.ಎಸ್.ಎಲ್.ಸಿ. ಅಂಕಪಟ್ಟಿಗೂ, ಅಲ್ಲಿಂದ ಉದ್ಯೋಗದ ಅರ್ಜಿಗೂ, ಪಾಸ್‌ಪೋರ್ಟಿಗೂ ಇಳಿಯುವುದು. ತಂದೆಯ ಹೆಸರಿನ ಒಂದಕ್ಷರ ತಪ್ಪಿದರೂ ಇದೇ ಗತಿ.

ತಪ್ಪು ಕಂಡುಬಂದ ಮೇಲೆ ತಿದ್ದುಪಡಿಯನ್ನು ಬೇಡಿ ಹೋದವನಿಗೆ ಎಷ್ಟೋ ವೇಳೆ ದೊರೆಯುವ ಉತ್ತರವು ಒಂದೇ: ‘ನ್ಯಾಯಾಲಯದ ಡಿಕ್ರಿಯನ್ನು ತನ್ನಿರಿ.’ ಆಗ ಅವನು ೧೯೬೩ರ ನಿರ್ದಿಷ್ಟ ಪರಿಹಾರ ಕಾಯಿದೆಯ ೩೪ನೆಯ ಕಲಮಿನಂತೆ ಘೋಷಣೆಯ ದಾವೆಯನ್ನು ಹೂಡಬೇಕು. ಸರಕಾರವು ಪ್ರತಿವಾದಿಯಾದುದರಿಂದ ಸಾಮಾನ್ಯವಾಗಿ ೨ ತಿಂಗಳ ಮುಂಚಿತವಾಗಿ ನೋಟೀಸು ಕೊಡಬೇಕು. ದಾವೆ ಹೂಡುವ ಹಕ್ಕು ಮೊದಲು ಉಂಟಾದಂದಿನಿಂದ ೩ ವರ್ಷಗಳೊಳಗೆ ಬರದಿದ್ದರೆ ಕಾಲಮಿತಿಯೇ ಅಡ್ಡವಾಗುವುದು. ವಕೀಲರ ಫೀಜು, ಸಾಕ್ಷಿಗಳ ಓಡಾಟ, ವಾಯಿದೆಯ ಮೇಲೆ ವಾಯಿದೆ! ಮುಖ್ಯೋಪಾಧ್ಯಾಯರೇ ತಪ್ಪನ್ನು ಒಪ್ಪುವಲ್ಲಿ ವಾದಿಯೂ ಪ್ರತಿವಾದಿಯೂ ಒಂದನ್ನೇ ನುಡಿಯುವ ಈ ವ್ಯಾಜ್ಯದಿಂದ ಯಾರಿಗೇನು ಲಾಭ?

ಖಾತೆಯ ಶಂಕೆಗೆ ಕಾರಣವಿಲ್ಲವೆಂದು ನಾವು ಹೇಳೆವು. ನೌಕರಿಯ ಅವಧಿಯನ್ನು ಹಿಗ್ಗಿಸಿಕೊಳ್ಳಲು ವಯಸ್ಸನ್ನು ಕುಗ್ಗಿಸುವವರು ಇದ್ದೇ ಇರುವರು. ಆದುದರಿಂದಲೇ ಕರ್ನಾಟಕದ ೧೯೭೪ರ ಕಾಯಿದೆಯು ರಾಜ್ಯದ ನೌಕರರಿಗೆ ಸೇವೆಗೆ ಸೇರಿದ ೩ ವರ್ಷಗಳ ಗಡುವನ್ನು ಹಾಕಿತು. ನಮ್ಮ ರಾಜ್ಯದ ಒಂದು ಸರಕಾರಿ ಸಂಸ್ಥೆಯ ನೌಕರನು ಬಹುಕಾಲ ಕಳೆದ ಮೇಲೆ ತಂದ ಬೇಡಿಕೆಯನ್ನು ಸರ್ವೋಚ್ಚ ನ್ಯಾಯಾಲಯವು ೨೦೨೧ರ ಸೆಪ್ಟೆಂಬರಿನಲ್ಲಿ ತಳ್ಳಿಹಾಕಿದ್ದೂ ನ್ಯಾಯವೇ ಸರಿ. ಆದರೆ ವಂಚಕನಿಗಾಗಿ ಕಟ್ಟಿದ ಗೋಡೆಗೆ ಹದಿನೆಂಟರ ವಿದ್ಯಾರ್ಥಿನಿಯು ಏಕೆ ತಲೆಯನ್ನು ಬಡಿದುಕೊಳ್ಳಬೇಕು?

ಈ ಭೇದವನ್ನು ಅದೇ ನ್ಯಾಯಾಲಯವೇ ತೋರಿಸಿಕೊಟ್ಟಿದೆ. ಸಿ.ಬಿ.ಎಸ್.ಇ. ಮಂಡಲಿಗೆ ಸಂಬಂಧಿಸಿದ ವ್ಯಾಜ್ಯದಲ್ಲಿ ೨೦೨೧ರ ಜೂನ್ ೩ರಂದು ಕೊಟ್ಟ ತೀರ್ಪಿನಲ್ಲಿ, ಶಾಲೆಯ ಮೂಲದಾಖಲೆಗೆ ಹೊಂದುವ ತಿದ್ದುಪಡಿಯನ್ನು ನಿರಾಕರಿಸಲು ಕಾರಣವಿಲ್ಲವೆಂದೂ, ಸ್ವೇಚ್ಛೆಯಿಂದ ಹೆಸರನ್ನು ಬದಲಿಸಿಕೊಳ್ಳುವವರು ಮಾತ್ರ ನ್ಯಾಯಾಲಯದ ಘೋಷಣೆಯನ್ನೂ ರಾಜಪತ್ರದ ಪ್ರಕಟಣೆಯನ್ನೂ ತರತಕ್ಕದ್ದೆಂದೂ ಅದು ವಿಂಗಡಿಸಿತು. ತಪ್ಪನ್ನು ತಿದ್ದುವುದು ಬೇರೆ, ಇದ್ದುದನ್ನು ಬದಲಿಸುವುದು ಬೇರೆ.

ಇನ್ನೊಂದು ವಿಚಿತ್ರವನ್ನು ಗಮನಿಸಬೇಕು. ೧೯೬೯ರ ಜನನ ಮರಣ ನೋಂದಣಿ ಕಾಯಿದೆಯ ೧೫ನೆಯ ಕಲಮಿನಂತೆ, ತಪ್ಪು ರುಜುವಾತಾದಲ್ಲಿ ನೋಂದಣಾಧಿಕಾರಿಯೇ ಮೂಲ ಬರಹವನ್ನು ಅಳಿಸದೆ, ಅಂಚಿನಲ್ಲಿ ಸರಿಯಾದುದನ್ನು ಬರೆದು, ತಾರೀಖಿನೊಡನೆ ಸಹಿ ಹಾಕಬಹುದು. ಜನನದ ಮೂಲಪುಸ್ತಕವನ್ನೇ ಒಬ್ಬ ಅಧಿಕಾರಿಯು ತಿದ್ದಬಹುದಾದರೆ, ಬಾಯಿಮಾತಿನಿಂದ ಬರೆದ ಶಾಲೆಯ ಪುಸ್ತಕಕ್ಕೆ ಮಾತ್ರ ಡಿಕ್ರಿಯು ಬೇಕೆಂಬುದು ಯಾವ ನ್ಯಾಯ?

೨೦೨೩ರ ಅಕ್ಟೋಬರ್ ೧ರಿಂದ ಹುಟ್ಟಿದ ಮಕ್ಕಳಿಗೆ ಶಾಲಾಪ್ರವೇಶಕ್ಕೆ ಜನನಪತ್ರವೇ ಆಧಾರವೆಂದು ಕಾಯಿದೆಯು ತಿದ್ದುಪಡಿಯಾಗಿದೆ. ಮುಂದಿನ ಪೀಳಿಗೆಗೆ ಈ ಕಷ್ಟವು ಕಡಿಮೆಯಾದೀತು. ಅದಕ್ಕೆ ಮೊದಲು ಹುಟ್ಟಿದವರ ಪಾಡೇನು? ಜನನಪತ್ರ ಅಥವಾ ಮೂಲದಾಖಲೆಯಿಂದ ತಪ್ಪು ಸ್ಪಷ್ಟವಾದಲ್ಲಿ ಶಿಕ್ಷಣ ಖಾತೆಯೇ ಗೊತ್ತಾದ ಅವಧಿಯೊಳಗೆ ತಿದ್ದಿಕೊಡಲಿ. ನಿರಾಕರಿಸುವುದಾದರೆ ಕಾರಣಸಹಿತ ಹಿಂಬರಹವನ್ನು ಕೊಡಲಿ. ನಿಜವಾದ ವಿವಾದಗಳು ಮಾತ್ರ ನ್ಯಾಯಾಧೀಶರ ಮುಂದೆ ಹೋಗಲಿ. ತಂದೆತಾಯಿಗಳೂ ಅಂಕಪಟ್ಟಿಯು ಕೈಗೆ ಬಂದ ದಿನವೇ ಅಕ್ಷರ ಅಕ್ಷರವಾಗಿ ಓದಿಕೊಳ್ಳಲಿ. ಸರಕಾರದ ಲೇಖನಿಯು ಮಾಡಿದ ತಪ್ಪನ್ನು ಸರಕಾರದ ಲೇಖನಿಯೇ ತಿದ್ದಬೇಕೆಂಬುದಷ್ಟೇ ನಮ್ಮ ಬಿನ್ನಹ.